ಜೂಜಿನ ಮೇಜಿನ ಹಿಂದೆ ನಿಂತ ಮಾರ್ಕ್ವಿಸ್: ಮಾರ್ಸೆಲ್ ಡಾಲಿಯೊ ಕುರಿತು ಓದುಗರ ಪ್ರಶ್ನೆಗಳು

ಪ್ರಶ್ನೆ: 'ಕಾಸಾಬ್ಲಾಂಕಾ' ಚಿತ್ರದಲ್ಲಿ ರೂಲೆಟ್ ಎಂಬ ಜೂಜುಚಕ್ರದ ಮೇಜು ನಡೆಸುವವನು ಫ್ರಾನ್ಸಿನ ದೊಡ್ಡ ನಟನೆಂದು ಗೆಳೆಯರೊಬ್ಬರು ಹೇಳಿದರು. ಟೈಟಲ್‌ನಲ್ಲಿ ಅವನ ಹೆಸರೇ ಇಲ್ಲ. ಇದು ನಿಜವೇ? ಚಿತ್ರದಲ್ಲಿ ಅವನನ್ನು ಎಲ್ಲೆಲ್ಲಿ ನೋಡಬಹುದು?
— ಓದುಗರು, ಶಿವಮೊಗ್ಗ

ಉತ್ತರ: ನಿಜ. ಅವರು ಮಾರ್ಸೆಲ್ ಡಾಲಿಯೊ, ಪಾತ್ರದ ಹೆಸರು ಎಮಿಲ್. ಮೂರು ಕಡೆ ಕಣ್ಣಿಟ್ಟರೆ ಸಾಕು.

ಮೊದಲನೆಯದು ಚಿತ್ರದ ಆರಂಭದ ಭಾಗದಲ್ಲಿ ಬರುತ್ತದೆ. ಗಿರಾಕಿಯೊಬ್ಬ 20,000 ಫ್ರಾಂಕ್ ಗೆದ್ದಿದ್ದಾನೆ, ಕ್ಯಾಷಿಯರ್‌ಗೆ ಹಣ ಬೇಕು ಎಂದು ಎಮಿಲ್ ಕೆಫೆಯ ಮಾಲೀಕ ರಿಕ್‌ನ ಹತ್ತಿರ ಬರುತ್ತಾನೆ. ತನ್ನ ಮೇಜಿನಲ್ಲಿ ಗಿರಾಕಿ ಗೆದ್ದನಲ್ಲ ಎಂಬ ಸಂಕೋಚ ಅವನ ಮುಖದಲ್ಲಿದೆ. ಇಂಥ ತಪ್ಪು ಆಗುತ್ತಲೇ ಇರುತ್ತದೆ ಎಂದು ರಿಕ್ ಸಮಾಧಾನ ಹೇಳುತ್ತಾನೆ. ಈ ಮೇಜು ಪ್ರಾಮಾಣಿಕವಾಗಿ ನಡೆಯುವುದಿಲ್ಲ ಎಂಬುದು ನಮಗೆ ತಿಳಿಯುವುದು ಇಲ್ಲೇ. ಇದನ್ನು ಗಮನಿಸದೆ ಬಿಟ್ಟರೆ ಮುಂದಿನ ದೃಶ್ಯದ ತೂಕ ಅರ್ಧಕ್ಕಿಳಿಯುತ್ತದೆ.

ಎರಡನೆಯದು 22ರ ದೃಶ್ಯ. ಬಲ್ಗೇರಿಯಾದ ನಿರಾಶ್ರಿತ ಯುವಕನ ಕೈಯಲ್ಲಿ ಕೊನೆಯ ಕೆಲವು ಬಿಲ್ಲೆಗಳು ಉಳಿದಿವೆ. ರಿಕ್ ಅವನ ಬೆನ್ನ ಹಿಂದೆ ನಿಂತು, 22ಕ್ಕೆ ಹಾಕಿ ನೋಡು ಅನ್ನುತ್ತಾನೆ. ಮಾತು ಹುಡುಗನಿಗೆ, ನೋಟ ಎಮಿಲ್ ಕಡೆಗೆ. ಡಾಲಿಯೊ ತಲೆಯಾಡಿಸುವುದಿಲ್ಲ, ಹುಬ್ಬೇರಿಸುವುದೂ ಇಲ್ಲ. ಮಾಲೀಕನನ್ನು ಒಮ್ಮೆ ನೋಡಿ ಚಕ್ರಕ್ಕೆ ಕೈ ಹಾಕುತ್ತಾರೆ. 22 ಬೀಳುತ್ತದೆ. ಹಣ ಅಲ್ಲೇ ಇರಲಿ ಅನ್ನುತ್ತಾನೆ ರಿಕ್, ಮತ್ತೆ 22 ಬೀಳುತ್ತದೆ. 37 ಮನೆಗಳ ಚಕ್ರದಲ್ಲಿ ಹೇಳಿದ ಅಂಕಿ ಸತತ ಎರಡು ಸಲ ಬೀಳುವ ಸಾಧ್ಯತೆ 1,369ರಲ್ಲಿ ಒಂದು. ಆಮೇಲೆ ಇವತ್ತು ವ್ಯಾಪಾರ ಹೇಗೆ ಎಂದು ರಿಕ್ ಕೇಳಿದಾಗ, ನಾನಂದುಕೊಂಡಿದ್ದಕ್ಕಿಂತ ಒಂದೆರಡು ಸಾವಿರ ಕಡಿಮೆ ಎಂಬರ್ಥದ ಉತ್ತರ ಬರುತ್ತದೆ. ಆ ಸಾಲನ್ನು ಡಾಲಿಯೊ ಯಾವ ಒತ್ತೂ ಕೊಡದೆ ಲೆಕ್ಕ ಒಪ್ಪಿಸುವ ಧಾಟಿಯಲ್ಲಿ ಹೇಳಿರುವುದರಿಂದಲೇ ಅದು ಅಷ್ಟು ಚೆನ್ನಾಗಿ ಕೂತಿದೆ.

ಮೂರನೆಯದು ಎಲ್ಲರಿಗೂ ಗೊತ್ತಿರುವ ಕ್ಷಣ. ಇಲ್ಲಿ ಜೂಜು ನಡೆಯುತ್ತಿದೆಯೆಂದು ತಿಳಿದು ದಿಗ್ಭ್ರಮೆಯಾಯಿತು ಎನ್ನುತ್ತಾ ಪೊಲೀಸ್ ಅಧಿಕಾರಿ ರೆನೊ ಅಂಗಡಿ ಮುಚ್ಚಿಸುತ್ತಾನೆ. ಅದೇ ಗಳಿಗೆಗೆ ಬಂದು ಅವನ ಗೆಲುವಿನ ಹಣವನ್ನು ಅವನ ಕೈಗೆ ಕೊಡುವವನು ಇದೇ ಎಮಿಲ್.

ಪ್ರಶ್ನೆ: ಹಾಗಾದರೆ ಹೆಸರು ಹಾಕದೆ ಬಿಟ್ಟದ್ದೇಕೆ? ಅವಮಾನವೇ?
— ಓದುಗರು, ಮೈಸೂರು

ಉತ್ತರ: ಅವಮಾನ ಮಾಡುವ ಉದ್ದೇಶ ಇರಲಿಲ್ಲ, ಅಂದಿನ ರೂಢಿಯೇ ಹಾಗಿತ್ತು. ಇಂದಿನಂತೆ ಚಿತ್ರದ ಕೊನೆಯಲ್ಲಿ ಪ್ರತಿಯೊಬ್ಬರ ಹೆಸರು ಉರುಳುವ ಪದ್ಧತಿ ಆಗಿನ್ನೂ ಬಂದಿರಲಿಲ್ಲ. 'ಕಾಸಾಬ್ಲಾಂಕಾ' ಟೈಟಲ್‌ನಲ್ಲಿ ಇರುವುದು 14 ನಟನಟಿಯರ ಹೆಸರು. 22ಕ್ಕೆ ಹಣ ಹಾಕುವ ಯುವಕ ಹೆಲ್ಮುಟ್ ಡಾಂಟೀನ್ ಅವರ ಹೆಸರೂ ಅದರಲ್ಲಿಲ್ಲ. ಆಸ್ಟ್ರಿಯಾದವರಾದ ಡಾಂಟೀನ್ 1938ರಲ್ಲಿ ನಾಜಿಗಳ ಸೆರೆಯಲ್ಲಿದ್ದು ಬಂದವರು. ಮೇಜಿನ ಆಚೆಗೂ ಈಚೆಗೂ ನಿಜವಾದ ನಿರಾಶ್ರಿತರೇ ಇದ್ದಾರೆಂಬುದನ್ನು ತಿಳಿದು ಆ ದೃಶ್ಯವನ್ನು ಇನ್ನೊಮ್ಮೆ ನೋಡಿ. ಫ್ರಾನ್ಸಿನ ರಾಷ್ಟ್ರಗೀತೆ 'ಲಾ ಮಾರ್ಸೆಯೇಸ್' ಹಾಡುವಾಗ ಕಣ್ಣೀರು ತುಂಬಿದ ಮುಖವೊಂದು ಹತ್ತಿರದಲ್ಲಿ ಕಾಣುತ್ತದಲ್ಲ, ಆಕೆ ಮಾದಲೇನ್ ಲೆಬೊ, ಡಾಲಿಯೊ ಅವರ ಹೆಂಡತಿ. ಆಕೆಯ ಹೆಸರು ಟೈಟಲ್‌ನಲ್ಲಿದೆ. 1942ರಲ್ಲೇ, ಆ ಚಿತ್ರ ತಯಾರಾದ ವರ್ಷವೇ, ಅವರಿಬ್ಬರೂ ಬೇರೆಯಾದರು.

ಪ್ರಶ್ನೆ: ಅಮೆರಿಕಕ್ಕೆ ಹೋಗುವ ಮೊದಲು ಫ್ರಾನ್ಸಿನಲ್ಲಿ ಡಾಲಿಯೊ ನಾಯಕ ನಟರೇ? ಯಾವ ಚಿತ್ರಗಳನ್ನು ಮೊದಲು ನೋಡಬೇಕು?
— ಓದುಗರು, ಧಾರವಾಡ

ಉತ್ತರ: ನಾಯಕ ನಟರಲ್ಲ, ಪೋಷಕ ನಟರು. ರೊಮೇನಿಯಾದಿಂದ ವಲಸೆ ಬಂದ ಯೆಹೂದಿ ಕುಟುಂಬದಲ್ಲಿ, ಪ್ಯಾರಿಸ್‌ನಲ್ಲಿ ಹುಟ್ಟಿದವರು. ಹುಟ್ಟುಹೆಸರು ಇಸ್ರೇಲ್ ಮೋಶೆ ಬ್ಲೌಶಿಲ್ಡ್. ಹಾಡು-ಹಾಸ್ಯದ ರೆವ್ಯೂಗಳಲ್ಲಿ, ನಾಟಕಗಳಲ್ಲಿ ಪಳಗಿ, 1930ರ ದಶಕದಲ್ಲಿ ಸಿನಿಮಾಕ್ಕೆ ಬಂದರು. ಕುಳ್ಳಗಿನ ಮೈಕಟ್ಟು, ದೊಡ್ಡ ಚುರುಕು ಕಣ್ಣು, ಮಾತಿಗಿಂತ ಮುಂಚೆ ಓಡುವ ಕೈ. ಈ ರೂಪ ಕಂಡವರೆಲ್ಲ ಕೊಡುತ್ತಿದ್ದುದು ಚಾಡಿಕೋರ, ದ್ರೋಹಿ, ಪುಕ್ಕಲನ ಪಾತ್ರಗಳನ್ನೇ. ಜೂಲಿಯೆಂ ದ್ಯುವಿವಿಯೇ ನಿರ್ದೇಶನದ 'ಪೆಪೆ ಲ ಮೊಕೊ' (1937) ನೋಡಿದರೆ ಆ ಅಚ್ಚು ಹೇಗಿತ್ತೆಂಬುದು ಗೊತ್ತಾಗುತ್ತದೆ. ಅದರಲ್ಲಿ ಅವರು ಲಾರ್ಬಿ ಎಂಬ ಮಾಹಿತಿದಾರ.

ಅಚ್ಚು ಮುರಿದದ್ದು ನಿರ್ದೇಶಕ ಜ್ಯಾಂ ರೆನ್ವಾರ್. ಅದೇ 1937ರ 'ಗ್ರ್ಯಾಂಡ್ ಇಲ್ಯೂಷನ್' ಚಿತ್ರದಲ್ಲಿ ಡಾಲಿಯೊ ಅವರದು ರೋಸೆಂತಾಲ್ ಎಂಬ ಸೈನಿಕನ ಪಾತ್ರ. ಮೊದಲ ಮಹಾಯುದ್ಧದಲ್ಲಿ ಜರ್ಮನರ ಸೆರೆಯಲ್ಲಿರುವ ಶ್ರೀಮಂತ ಯೆಹೂದಿ ಮನೆತನದವನು, ಮನೆಯಿಂದ ಬರುವ ತಿಂಡಿಯ ಪೊಟ್ಟಣಗಳನ್ನು ಜೊತೆಯ ಕೈದಿಗಳಿಗೆಲ್ಲ ಹಂಚುತ್ತಾನೆ. ನೋಡಬೇಕಾದ ಜಾಗ, ಸೆರೆಯಿಂದ ಪಾರಾದ ಮೇಲಿನ ದೃಶ್ಯ. ರೋಸೆಂತಾಲ್‌ನ ಕಾಲು ಉಳುಕಿದೆ, ಹೊಟ್ಟೆಗಿಲ್ಲ, ಚಳಿ. ಸಂಗಾತಿ ಮಾರೆಶಾಲ್ (ಜ್ಯಾಂ ಗಾಬ್ಯಾಂ) ತಾಳ್ಮೆಗೆಟ್ಟು ಅವನ ಜಾತಿ ಎತ್ತಿ ಬೈದು ಬಿಟ್ಟುಹೋಗುತ್ತಾನೆ. ರೋಸೆಂತಾಲ್ ಕೂತಲ್ಲಿಂದಲೇ ಮಕ್ಕಳ ಹಾಡೊಂದನ್ನು ಕೂಗಿ ಹಾಡತೊಡಗುತ್ತಾನೆ: ಸಮುದ್ರಕ್ಕೆ ಹೋದ ಪುಟ್ಟ ಹಡಗಿನ ಹಾಡು. ದೂರ ಹೋಗುತ್ತಿರುವ ಮಾರೆಶಾಲ್ ಬಾಯಲ್ಲೂ ಅದೇ ಹಾಡು ಬರುತ್ತದೆ. ಹಡಗಿನಲ್ಲಿ ಅನ್ನ ಮುಗಿಯಿತು ಅನ್ನುವ ಸಾಲಿಗೆ ಬಂದಾಗ ಅವನ ಸ್ವರ ನಿಲ್ಲುತ್ತದೆ. ಅವನು ತಿರುಗಿ ಬರುತ್ತಾನೆ. ಡಾಲಿಯೊ ಆ ಹಾಡನ್ನು ದುಃಖದಿಂದ ಹಾಡಲಿಲ್ಲ, ಹಟದಿಂದ, ಕೋಪದಿಂದ ಹಾಡಿದರು. ಕರುಣೆ ಬೇಡುವ ಧ್ವನಿಯಾಗಿದ್ದರೆ ಮಾರೆಶಾಲ್ ತಿರುಗಿ ಬಂದದ್ದು ಅನುಕಂಪವಾಗುತ್ತಿತ್ತು. ಇಲ್ಲಿ ಅದು ಸ್ನೇಹವಾಗಿದೆ.

ನಂತರ 'ದಿ ರೂಲ್ಸ್ ಆಫ್ ದಿ ಗೇಮ್' (1939). ಇದರಲ್ಲಿ ಅವರು ಮಾರ್ಕ್ವಿಸ್ ರೊಬೇರ್ ದ ಲಾ ಶೆನೆ, ಸೊಲೋನ್ಯ್ ಪ್ರದೇಶದ ಬಂಗಲೆಯ ಒಡೆಯ. ದ್ರೋಹಿಯ ಪಾತ್ರಗಳಿಗೆ ಹೆಸರಾದ ನಟನನ್ನು ಕುಲೀನ ಜಮೀನ್ದಾರನಾಗಿ ಕೂರಿಸಿದ್ದು ರೆನ್ವಾರ್ ಬೇಕೆಂದೇ ಮಾಡಿದ ಆಯ್ಕೆ. ಲಾ ಶೆನೆಗೆ ಯಂತ್ರದ ಗೊಂಬೆ, ಸಂಗೀತದ ಪೆಟ್ಟಿಗೆಗಳ ಹುಚ್ಚು. ಔತಣದ ರಾತ್ರಿ ಅವನು ತನ್ನ ಹೊಸ ಸಂಪತ್ತನ್ನು, ದೀಪಗಳಿಂದ ಝಗಝಗಿಸುವ ದೊಡ್ಡ ಜಾತ್ರೆ ಆರ್ಗನ್ನನ್ನು, ಅತಿಥಿಗಳೆದುರು ತೆರೆದು ತೋರಿಸುತ್ತಾನೆ. ಕ್ಯಾಮೆರಾ ಆರ್ಗನ್ನಿನ ಗೊಂಬೆಗಳ ಉದ್ದಕ್ಕೂ ಸರಿದು ಡಾಲಿಯೊ ಮುಖಕ್ಕೆ ಬಂದು ನಿಲ್ಲುತ್ತದೆ. ಹೆಮ್ಮೆ, ನಾಚಿಕೆ, ಇದು ಇವರಿಗೆ ಹಿಡಿಸಿತೋ ಇಲ್ಲವೋ ಎಂಬ ಅನುಮಾನ, ಮೂರೂ ಒಟ್ಟಿಗೆ ಇವೆ. ತಾನು ತೆಗೆದ ಶಾಟ್‌ಗಳಲ್ಲೇ ಇದು ಅತ್ಯುತ್ತಮವೆಂದು ರೆನ್ವಾರ್ ಆಮೇಲೆ ಹೇಳಿದ್ದುಂಟು. ಡಾಲಿಯೊ ಅವರ ಒಂದೇ ಒಂದು ನಿಮಿಷ ನೋಡಲು ನಿಮಗೆ ಬಿಡುವಿದ್ದರೆ ನೋಡಬೇಕಾದದ್ದು ಇದನ್ನೇ.

ಪ್ರಶ್ನೆ: ಅದೇ ಚಿತ್ರದಲ್ಲಿ ಅಡುಗೆಯವನು ಆಲೂಗಡ್ಡೆ ಸಲಾಡ್ ಬಗ್ಗೆ ಉದ್ದಕ್ಕೆ ಮಾತಾಡುತ್ತಾನೆ. ಕಥೆಗೂ ಅದಕ್ಕೂ ಏನು ಸಂಬಂಧ? ಅವನು ಹೇಳುವ ಕ್ರಮ ಸರಿಯೇ?
— ಓದುಗರು, ಪುತ್ತೂರು

ಉತ್ತರ: ಸಂಬಂಧ ಬಹಳ ಇದೆ. ಆಳುಗಳು ಊಟದ ಮೇಜಿನಲ್ಲಿ ಕೂತು ಒಡೆಯನ ಕುಲ ಕೆದಕುತ್ತಾರೆ. ಅವನ ತಾಯಿಯ ತಂದೆ ಫ್ರಾಂಕ್‌ಫರ್ಟ್‌ನಿಂದ ಬಂದ ರೋಸೆಂತಾಲ್ ಎಂಬವನು ಎಂಬ ಮಾತು ಏಳುತ್ತದೆ. ಎರಡು ವರ್ಷ ಹಿಂದೆ ಡಾಲಿಯೊ ಮಾಡಿದ್ದ ಪಾತ್ರದ ಹೆಸರೇ ಇಲ್ಲಿ ಮತ್ತೆ ಬಂದಿರುವುದನ್ನು ಗಮನಿಸಿ. ಆಗ ಬಾಣಸಿಗ ಒಡೆಯನ ಪರ ನಿಲ್ಲುತ್ತಾನೆ. ಅವನ ಅಳತೆಗೋಲು ಕುಲವಲ್ಲ, ನಾಲಗೆ. ಆಲೂಗಡ್ಡೆ ಇನ್ನೂ ಕುದಿಬಿಸಿ ಇರುವಾಗಲೇ ಬಿಳಿ ವೈನ್ ಸುರಿಯಬೇಕು. ಸಹಾಯಕ ಕೈ ಸುಟ್ಟೀತೆಂದು ಹಾಗೆ ಮಾಡಲಿಲ್ಲ, ಒಡೆಯನಿಗೆ ಅದು ತಕ್ಷಣ ಗೊತ್ತಾಗಿಬಿಟ್ಟಿತು ಎನ್ನುತ್ತಾನೆ. ಡಾಲಿಯೊ ತೆರೆಯ ಮೇಲೆ ಇಲ್ಲದ ಹೊತ್ತಿನಲ್ಲಿ ಅವರ ಪಾತ್ರವನ್ನು ಇಷ್ಟು ಚೆನ್ನಾಗಿ ಕಟ್ಟಿದ ಮಾತು ಚಿತ್ರದಲ್ಲಿ ಬೇರೆಲ್ಲೂ ಇಲ್ಲ.

ಕ್ರಮ ಸರಿ. ಆಲೂಗಡ್ಡೆಯನ್ನು ಸಿಪ್ಪೆ ಸಮೇತ ಬೇಯಿಸಿ, ಬಟ್ಟೆಯಲ್ಲಿ ಹಿಡಿದು ಬಿಸಿಯಲ್ಲೇ ಸುಲಿದು, ಅರ್ಧ ಸೆಂಟಿಮೀಟರ್ ದಪ್ಪದ ಬಿಲ್ಲೆ ಕೊಯ್ಯಬೇಕು. ಒಂದು ಕೆ.ಜಿ.ಗೆ ನಾಲ್ಕರಿಂದ ಆರು ದೊಡ್ಡ ಚಮಚ ವೈನ್ ಸಾಕು. ಬಿಸಿ ಆಲೂಗಡ್ಡೆ ಅದನ್ನು ಹೀರಿಕೊಳ್ಳುತ್ತದೆ. ತಣ್ಣಗಾದ ಮೇಲೆ ಪಿಷ್ಟ ಗಟ್ಟಿಯಾಗಿ, ವೈನ್ ಬಟ್ಟಲಿನ ತಳದಲ್ಲಿ ಉಳಿದುಬಿಡುತ್ತದೆ. ಸಾಸಿವೆ, ವಿನೆಗರ್, ಎಣ್ಣೆಯ ಮಿಶ್ರಣ ಹಾಕುವುದು ವೈನ್ ಹೀರಿಕೊಂಡ ಮೇಲೆ. ಎಣ್ಣೆ ಮೊದಲೇ ಬಿದ್ದರೆ ಅದು ಬಿಲ್ಲೆಗಳ ಮೇಲೆ ಪದರವಾಗಿ ಕೂತು ವೈನ್ ಒಳಗಿಳಿಯಲು ಬಿಡುವುದಿಲ್ಲ. ಬೇಗ ಬೆಂದು ಹಿಟ್ಟಾಗುವ ಆಲೂಗಡ್ಡೆ ಇದಕ್ಕೆ ಆಗದು.

ಪ್ರಶ್ನೆ: ಇಷ್ಟು ಒಳ್ಳೆಯ ಪಾತ್ರ ಮಾಡಿದವರು ಮರುವರ್ಷವೇ ಫ್ರಾನ್ಸ್ ಬಿಟ್ಟದ್ದೇಕೆ?
— ಓದುಗರು, ದಾವಣಗೆರೆ

ಉತ್ತರ: ಬಿಡದೆ ಇದ್ದಿದ್ದರೆ ಬದುಕುತ್ತಿರಲಿಲ್ಲ. 'ದಿ ರೂಲ್ಸ್ ಆಫ್ ದಿ ಗೇಮ್' 1939ರ ಜುಲೈ 7ರಂದು ಪ್ಯಾರಿಸ್‌ನಲ್ಲಿ ತೆರೆಕಂಡಾಗಲೇ ಜನ ರೊಚ್ಚಿಗೆದ್ದಿದ್ದರು. ಒಬ್ಬ ಪ್ರೇಕ್ಷಕ ಪತ್ರಿಕೆಗೆ ಬೆಂಕಿ ಹಚ್ಚಿ ಚಿತ್ರಮಂದಿರವನ್ನೇ ಸುಡಲು ಹೊರಟದ್ದನ್ನು ರೆನ್ವಾರ್ ನೆನೆದಿದ್ದಾರೆ. ಯೆಹೂದಿ ನಟ ಫ್ರೆಂಚ್ ಮಾರ್ಕ್ವಿಸ್ ಆಗಿದ್ದು ಬಲಪಂಥೀಯರ ಕಣ್ಣು ಕುಕ್ಕಿತ್ತು. ಅಕ್ಟೋಬರ್‌ನಲ್ಲಿ ಸರ್ಕಾರ ಚಿತ್ರವನ್ನು ನಿಷೇಧಿಸಿತು.

1940ರ ಜೂನ್‌ನಲ್ಲಿ ಜರ್ಮನ್ ಸೈನ್ಯ ಪ್ಯಾರಿಸ್ ಸಮೀಪಿಸುತ್ತಿದ್ದಂತೆ ಡಾಲಿಯೊ, ಲೆಬೊ ಊರು ಬಿಟ್ಟು ಲಿಸ್ಬನ್ ತಲುಪಿದರು. ಚಿಲಿ ದೇಶದ ವೀಸಾ ದೊರಕಿಸಿಕೊಂಡು ಪೋರ್ಚುಗಲ್‌ನ 'ಕ್ವಾಂಜಾ' ಹಡಗು ಹತ್ತಿದರು. ಮೆಕ್ಸಿಕೊ ತಲುಪಿದಾಗ ಗೊತ್ತಾಯಿತು, ಆ ವೀಸಾಗಳು ನಕಲಿ. ಕೊನೆಗೆ ಕೆನಡಾದ ತಾತ್ಕಾಲಿಕ ಪಾಸ್‌ಪೋರ್ಟ್ ಸಿಕ್ಕಿ ಅಮೆರಿಕ ಸೇರಿದರು. ಲಿಸ್ಬನ್‌ಗೆ ಹೋಗುವ ಕಾಗದಪತ್ರಗಳಿಗಾಗಿ ಜನ ಪ್ರಾಣ ಬಿಡುವ ಚಿತ್ರ 'ಕಾಸಾಬ್ಲಾಂಕಾ'. ಅದರಲ್ಲಿ ನಟಿಸಿದ ಈ ದಂಪತಿಗೆ ಆ ಕಾಗದಗಳ ಬೆಲೆಯನ್ನು ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ಇತ್ತ ಪ್ಯಾರಿಸ್‌ನಲ್ಲಿ, ಯೆಹೂದಿಯ ಮುಖ ಹೀಗಿರುತ್ತದೆ ಎಂದು ಜನಕ್ಕೆ ತೋರಿಸಲು ನಾಜಿಗಳು ಡಾಲಿಯೊ ಅವರ ಚಿತ್ರವನ್ನೇ ಭಿತ್ತಿಪತ್ರಗಳಲ್ಲಿ ಬಳಸಿದರು. ಜರ್ಮನರೊಂದಿಗೆ ಕೈಜೋಡಿಸಿದ್ದ ಫ್ರಾನ್ಸಿನ ವಿಶಿ ಸರ್ಕಾರದ 1940ರ ಅಕ್ಟೋಬರ್ 3ರ ಕಾನೂನು ಯೆಹೂದಿಗಳನ್ನು ಸಿನಿಮಾ ಕೆಲಸದಿಂದ ಹೊರಹಾಕಿತು. ನಾಜಿಗಳಿಗೆ ಬೇಡವಾದ ಮುಖಗಳು ತೆರೆಯಿಂದಲೂ ಮಾಯವಾದವು. ನಟ ಎರಿಕ್ ಫಾನ್ ಸ್ಟ್ರೋಹೈಮ್ ನಟಿಸಿ ಮುಗಿಸಿದ್ದ 'ಮಕಾವೊ' ಚಿತ್ರದ ಅವರ ದೃಶ್ಯಗಳನ್ನೆಲ್ಲ ಜ್ಯಾಂ ರೆನ್ವಾರ್ ಅವರ ಅಣ್ಣ, ನಟ ಪಿಯೇರ್ ರೆನ್ವಾರ್ ಅವರಿಂದ ಮತ್ತೆ ಮಾಡಿಸಿ 1942ರಲ್ಲಿ ಬಿಡುಗಡೆ ಮಾಡಿದರು. ಡಾಲಿಯೊ ಅವರ ತಂದೆತಾಯಿ ನಾಜಿ ಶಿಬಿರದಲ್ಲಿ ಸತ್ತರು.

ಪ್ರಶ್ನೆ: ಹಾಲಿವುಡ್ ಅವರನ್ನು ಹಾಳು ಮಾಡಿತು ಅನ್ನುತ್ತಾರೆ. ಒಪ್ಪುವಿರಾ?
— ಓದುಗರು, ಬೆಂಗಳೂರು

ಉತ್ತರ: ಅರ್ಧ ಒಪ್ಪುತ್ತೇವೆ. ಪಾತ್ರಗಳು ಕುಗ್ಗಿದವು, ನಟನೆ ಕುಗ್ಗಲಿಲ್ಲ. ಅಲ್ಲಿ ಅವರಿಗೆ ಸಿಕ್ಕ ಮೊದಲ ಕೆಲಸಗಳಲ್ಲೊಂದು 'ದಿ ಶಾಂಘೈ ಜೆಸ್ಚರ್' (1941), ಅದರಲ್ಲೂ ಜೂಜುಚಕ್ರ ತಿರುಗಿಸುವ ಕೆಲಸವೇ. ಒಮ್ಮೆ ಒಂದು ಪಾತ್ರ ಹೊಂದಿತೆಂದರೆ ಅದನ್ನೇ ಮತ್ತೆ ಮತ್ತೆ ಕೊಡುವುದು ಸ್ಟುಡಿಯೊಗಳ ಲೆಕ್ಕಾಚಾರ. ಫ್ರೆಂಚ್ ಉಚ್ಚಾರಣೆ ಇದ್ದವನು ಹೋಟೆಲಿನವನೋ ಮಾಣಿಯೋ ಮುದಿ ಶ್ರೀಮಂತನೋ ಆಗಬೇಕಿತ್ತು. 'ವಿಲ್ಸನ್' (1944) ಚಿತ್ರದ ಫ್ರಾನ್ಸ್ ಪ್ರಧಾನಿ ಕ್ಲೆಮಾನ್ಸೊ ಇದಕ್ಕೆ ಅಪವಾದ.

ಆದರೆ ಹವರ್ಡ್ ಹಾಕ್ಸ್ ನಿರ್ದೇಶನದ 'ಟು ಹ್ಯಾವ್ ಅಂಡ್ ಹ್ಯಾವ್ ನಾಟ್' (1944) ನೋಡದೆ ಈ ತೀರ್ಪು ಕೊಡಬೇಡಿ. ವಿಶಿ ಆಡಳಿತದಲ್ಲಿರುವ ಮಾರ್ಟಿನೀಕ್ ದ್ವೀಪದ ಹೋಟೆಲ್ ಮಾಲೀಕ ಜೆರಾರ್ ಅವರ ಪಾತ್ರ. ಹಂಫ್ರಿ ಬೊಗಾರ್ಟ್ ಅವನನ್ನು 'ಫ್ರೆಂಚಿ' ಎಂದೇ ಕರೆಯುವುದು. ಪ್ರತಿರೋಧ ಚಳವಳಿಯವರನ್ನು ದೋಣಿಯಲ್ಲಿ ಕರೆತರುವಂತೆ ಬೊಗಾರ್ಟ್‌ನನ್ನು ಕೇಳಿಕೊಳ್ಳುವವನೂ ಅವನೇ. ಕೇಳುವಾಗ ಬೇಡಿಕೆಯೂ ಇದೆ, ತನ್ನ ಮಾನ ಬಿಟ್ಟುಕೊಡದ ಬಿಗಿಯೂ ಇದೆ. ವಿಶಿ ಕಾನೂನು ಸಿನಿಮಾದಿಂದ ಹೊರಗಿಟ್ಟ ನಟನ ಕೈಗೆ ಕೊನೆಗೂ ಆ ಸರ್ಕಾರದ ವಿರುದ್ಧ ನಿಲ್ಲುವ ಪಾತ್ರ ಸಿಕ್ಕಿತ್ತು.

ಚಿಕ್ಕ ಪಾತ್ರಗಳಲ್ಲಿ ನಮಗೆ ಇಷ್ಟವಾದದ್ದು 'ಸಬ್ರೀನಾ' (1954) ಚಿತ್ರದ ಮುದಿ ಬ್ಯಾರನ್. ಪ್ಯಾರಿಸ್‌ನ ಅಡುಗೆ ಶಾಲೆಯಲ್ಲಿ ಆಡ್ರೆ ಹೆಪ್‌ಬರ್ನ್‌ಳ ಸುಫ್ಲೆ (ಒಲೆಯಲ್ಲಿ ಉಬ್ಬಿ ಏಳುವ ಮೊಟ್ಟೆಯ ತಿನಿಸು) ಏಳದೆ ಉಳಿದಾಗ, ಪ್ರೇಮದಲ್ಲಿ ಸುಖವಾಗಿರುವ ಹೆಂಗಸು ಸುಫ್ಲೆ ಸೀಯಿಸುತ್ತಾಳೆ, ದುಃಖದಲ್ಲಿರುವವಳು ಒಲೆ ಹಚ್ಚುವುದನ್ನೇ ಮರೆಯುತ್ತಾಳೆ ಎಂದು ಅವಳ ಗುಟ್ಟು ಹಿಡಿಯುವವರು ಇವರೇ.

ಪ್ರಶ್ನೆ: 'ದಿ ರೂಲ್ಸ್ ಆಫ್ ದಿ ಗೇಮ್' ಒಂದು ಕಡೆ 85 ನಿಮಿಷ, ಇನ್ನೊಂದು ಕಡೆ 102, ಮತ್ತೊಂದು ಕಡೆ 106 ನಿಮಿಷ ಎಂದಿದೆ. ಯಾವುದು ಪೂರ್ಣ?
— ಓದುಗರು, ಮಂಗಳೂರು

ಉತ್ತರ: 106. ಜನರ ಸಿಟ್ಟು ಕಂಡು 1939ರಲ್ಲೇ ಚಿತ್ರಕ್ಕೆ ಕತ್ತರಿ ಬಿದ್ದು ಅದು 85 ನಿಮಿಷಕ್ಕೆ ಇಳಿದಿತ್ತು. 1942ರಲ್ಲಿ ಮಿತ್ರಪಡೆಗಳ ಬಾಂಬಿಗೆ ಮೂಲ ನೆಗೆಟಿವ್ ನಾಶವಾಯಿತು. ಜ್ಯಾಂ ಗಾಬೊರಿ, ಜಾಕ್ ಮಾರೆಶಾಲ್ ಎಂಬ ಇಬ್ಬರು 1950ರ ದಶಕದಲ್ಲಿ ಉಳಿದ ತುಣುಕುಗಳ ಡಬ್ಬಿಗಳನ್ನು ಹುಡುಕಿ, ರೆನ್ವಾರ್ ಸಲಹೆ ಪಡೆದು, ತುಂಡು ತುಂಡಾಗಿ ಜೋಡಿಸಿದರು. 1959ರಲ್ಲಿ ವೆನಿಸ್‌ನಲ್ಲಿ ತೋರಿಸಿದ್ದು ಈ 106 ನಿಮಿಷದ ರೂಪವನ್ನೇ.

102 ನಿಮಿಷ ಎಂದಿದ್ದರೆ ಹೆದರಬೇಡಿ, ದೃಶ್ಯ ಕತ್ತರಿಸಿಲ್ಲ. ಸಿನಿಮಾ ಓಡುವುದು ಸೆಕೆಂಡಿಗೆ 24 ಚೌಕಟ್ಟಿನಂತೆ. ಯುರೋಪಿನ ಪಾಲ್ ಪದ್ಧತಿಯ ಡಿವಿಡಿಯಲ್ಲಿ ಅದನ್ನೇ 25ರಂತೆ ಓಡಿಸುತ್ತಾರೆ. ಶೇ. 4ರಷ್ಟು ವೇಗ ಹೆಚ್ಚಿ 106 ನಿಮಿಷ 102ಕ್ಕೆ ಇಳಿಯುತ್ತದೆ, ದನಿಯೂ ಒಂದಿಷ್ಟು ತೆಳ್ಳಗಾಗುತ್ತದೆ. ಆಯ್ಕೆ ಇದ್ದರೆ ಬ್ಲೂ-ರೇ ಅಥವಾ ಪುನರುಜ್ಜೀವನಗೊಳಿಸಿದ ಡಿಜಿಟಲ್ ಪ್ರತಿ ಹಿಡಿಯಿರಿ.

'ಗ್ರ್ಯಾಂಡ್ ಇಲ್ಯೂಷನ್' ವಿಷಯದಲ್ಲಿ ಹಳೆಯ ಡಿವಿಡಿಗಳನ್ನು ಬಿಟ್ಟುಬಿಡಿ. ಅದರ ಮೂಲ ನೆಗೆಟಿವನ್ನು ಜರ್ಮನರು ಬರ್ಲಿನ್‌ಗೆ ಒಯ್ದಿದ್ದರು. ಯುದ್ಧದ ನಂತರ ಅದು ಮಾಸ್ಕೋ ಸೇರಿ, ಅಲ್ಲಿಂದ 1960ರ ದಶಕದಲ್ಲಿ ಫ್ರಾನ್ಸಿನ ತೂಲೂಸ್ ಚಿತ್ರಸಂಗ್ರಹಕ್ಕೆ ಬಂದು, ಅದು ಏನೆಂದು ಯಾರಿಗೂ ಗೊತ್ತಾಗದೆ 1990ರ ದಶಕದವರೆಗೆ ಬಿದ್ದಿತ್ತು. ಅದರಿಂದ ತೆಗೆದ ಪ್ರತಿಗೂ ಹಳೆಯ ಮಸುಕು ಪ್ರತಿಗೂ ಅಜಗಜಾಂತರ.

ಪ್ರಶ್ನೆ: ರೆನ್ವಾರ್ ಭಾರತದಲ್ಲಿ ತೆಗೆದ 'ದಿ ರಿವರ್' ಚಿತ್ರದಲ್ಲಿ ಡಾಲಿಯೊ ಇದ್ದಾರೆಯೇ?
— ಓದುಗರು, ಪುಣೆ

ಉತ್ತರ: ಇಲ್ಲ. ಕಲ್ಕತ್ತಾ ಬಳಿ ಅದರ ಚಿತ್ರೀಕರಣ ನಡೆಯಿತು, ಜಾಗ ಹುಡುಕಲು ಸತ್ಯಜಿತ್ ರಾಯ್ ನೆರವಾಗಿದ್ದರು. ಡಾಲಿಯೊ ಅದರಲ್ಲಿಲ್ಲ.

ಪ್ರಶ್ನೆ: ಯುದ್ಧದ ನಂತರ ಫ್ರಾನ್ಸ್ ಅವರಿಗೆ ಹಳೆಯ ಸ್ಥಾನ ಕೊಟ್ಟಿತೇ?
— ಓದುಗರು, ಹುಬ್ಬಳ್ಳಿ

ಉತ್ತರ: ಕೆಲಸ ಕೊಟ್ಟಿತು. ಲಾ ಶೆನೆಯಷ್ಟು ದೊಡ್ಡ ಪಾತ್ರ ಮತ್ತೆ ಬರಲಿಲ್ಲ. ರೆನೆ ಕ್ಲೆಮಾಂ ಅವರ 'ಲೆ ಮೋದಿ' (1947) ಚಿತ್ರದಲ್ಲಿ ಅವರು ಲಾರ್ಗಾ, ದಕ್ಷಿಣ ಅಮೆರಿಕದಲ್ಲಿ ನಾಜಿಗಳಿಗೆ ನೆರವಾಗುವವ. ತನ್ನವರನ್ನು ಕೊಂದವರ ಕಡೆಯವನ ಪಾತ್ರವನ್ನು ಕೂಗಾಟವಿಲ್ಲದೆ ಮಾಡಿದ್ದಾರೆ. ಮುಂದೆ ಅಟ್ಲಾಂಟಿಕ್‌ನ ಎರಡೂ ದಡಗಳಲ್ಲಿ ಕೆಲಸ. 1955ರಲ್ಲಿ 'ಕಾಸಾಬ್ಲಾಂಕಾ' ಟಿವಿ ಸರಣಿಯಾದಾಗ ಪೊಲೀಸ್ ಅಧಿಕಾರಿಯ ಪಾತ್ರ ಇವರಿಗೇ ಬಂತು. ಅಂದು ಯಾರ ಕೈಗೆ ಹಣ ಕೊಟ್ಟಿದ್ದರೋ ಅವನ ಸಮವಸ್ತ್ರ ಈಗ ಇವರ ಮೈಮೇಲೆ.

1973ರ 'ದಿ ಮ್ಯಾಡ್ ಅಡ್ವೆಂಚರ್ಸ್ ಆಫ್ ರಬ್ಬಿ ಜೇಕಬ್' ಮಾತ್ರ ತಪ್ಪಿಸಬೇಡಿ. ಹಾಸ್ಯನಟ ಲೂಯಿ ದ ಫ್ಯೂನೆಸ್ ಅವರ ವೇಷ ಬದಲಾವಣೆಯ ಗದ್ದಲಕ್ಕೆ ಎಲ್ಲರೂ ಅದನ್ನು ನೋಡುತ್ತಾರೆ. ಚಿತ್ರದ ನಿಜವಾದ ರಬ್ಬಿ, ಅಂದರೆ ಯೆಹೂದಿ ಧರ್ಮಗುರು, ಡಾಲಿಯೊ. ಹಲವು ದಶಕಗಳ ನಂತರ ನ್ಯೂಯಾರ್ಕ್‌ನಿಂದ ಪ್ಯಾರಿಸ್‌ಗೆ ಹೊರಟ ಯೆಹೂದಿ ಮುದುಕ. ಅವರ ಮುಖದ ಸಂಭ್ರಮ ಹಾಸ್ಯಕ್ಕಾಗಿ ಹಾಕಿಕೊಂಡದ್ದಲ್ಲ. 1983ರ ನವೆಂಬರ್‌ನಲ್ಲಿ ಪ್ಯಾರಿಸ್‌ನಲ್ಲೇ ತೀರಿಕೊಂಡರು.

ಪ್ರಶ್ನೆ: ನಮ್ಮ ಟಿವಿಯಲ್ಲಿ ಈ ಹಳೆಯ ಚಿತ್ರಗಳ ಮುಖಗಳೆಲ್ಲ ಅಗಲವಾಗಿ ಕಾಣುತ್ತವೆ. ಪ್ರತಿಯ ದೋಷವೇ?
— ಓದುಗರು, ಹಾಸನ

ಉತ್ತರ: ಟಿವಿಯ ಸೆಟ್ಟಿಂಗ್ ದೋಷ. ಆ ಕಾಲದ ಚಿತ್ರಗಳ ಚೌಕಟ್ಟು ಎತ್ತರ 1 ಆದರೆ ಅಗಲ 1.37. ಇಂದಿನ ಟಿವಿ ಪರದೆ 1.78. ತೆರೆ ತುಂಬಿಸುವ ಆಯ್ಕೆ ಹಾಕಿದ್ದರೆ ಚಿತ್ರ ಅಡ್ಡಕ್ಕೆ ಹಿಗ್ಗುತ್ತದೆ. 'ಝೂಮ್' ಹಾಕಿದರೆ ಇನ್ನೂ ಕೆಟ್ಟದ್ದು, ಮೇಲೂ ಕೆಳಗೂ ಸೇರಿ ಸುಮಾರು ಕಾಲು ಭಾಗ ಕತ್ತರಿಸಿ ಹೋಗುತ್ತದೆ. ಪಿಕ್ಚರ್ ಸೆಟ್ಟಿಂಗ್‌ನಲ್ಲಿ 4:3 ಅಥವಾ 'ಒರಿಜಿನಲ್' ಆರಿಸಿ, ಎಡಬಲಕ್ಕೆ ಕಪ್ಪು ಪಟ್ಟಿ ಬಂದರೆ ಸರಿಯಾಯಿತೆಂದು ತಿಳಿಯಿರಿ. 'ಸ್ಮೂತ್ ಮೋಷನ್' ಅಂಥ ಆಯ್ಕೆಗಳನ್ನು ಆಫ್ ಮಾಡಿಬಿಡಿ. ಅದು ಇಲ್ಲದ ಚೌಕಟ್ಟುಗಳನ್ನು ತಾನೇ ತಯಾರಿಸಿ ತುಂಬುತ್ತದೆ, ಕಣ್ಣಿನ ಚಿಕ್ಕ ಚಲನೆಗಳು ಕಲಸಿಹೋಗುತ್ತವೆ. ಕಣ್ಣಿನಲ್ಲೇ ಅರ್ಧ ಕೆಲಸ ಮಾಡುವ ನಟರ ಚಿತ್ರ ನೋಡುವಾಗ ಇದು ದೊಡ್ಡ ನಷ್ಟ. ಡಬ್ ಆದ ಧ್ವನಿಯೂ ಬೇಡ, ಮೂಲ ಧ್ವನಿಗೆ ಸಬ್‌ಟೈಟಲ್ ಹಾಕಿಕೊಳ್ಳಿ. ರೆನ್ವಾರ್ ಚಿತ್ರಗಳಲ್ಲಿ ಮುಂದೆ ಇಬ್ಬರು ಮಾತಾಡುತ್ತಿರುವಾಗಲೇ ಹಿಂದಿನ ಬಾಗಿಲಲ್ಲಿ ಇನ್ನೇನೋ ನಡೆಯುತ್ತಿರುತ್ತದೆ. ಹಾಗಾಗಿ ಮೊದಲ ಸಲ ಸಬ್‌ಟೈಟಲ್ ಓದಿ ಕಥೆ ಹಿಡಿದು, ಎರಡನೆಯ ಸಲ ಅದನ್ನು ಆಫ್ ಮಾಡಿ ಬರೀ ಡಾಲಿಯೊ ಅವರನ್ನು ಹಿಂಬಾಲಿಸಿ.